ದೋಣಿಯವರ ಮಾತಿನಿಂದ ಬಂದ ಹೆಸರು

ಜೂನ್ 3

ಮಕ್ಕಳ ಹೆಸರಿನ ಪುಸ್ತಕ ಮಾಡಿದ ಸಂಪಾದಕರಿಗೆ,

ಸರ್, ನಮಸ್ಕಾರ. ನಾನು ಬಟ್ಟೆ ಹೊಲಿಯುವವಳು. ಮಹಡಿ ಮೆಟ್ಟಿಲ ಕೆಳಗೆ, ಒಂದು ಮಿಷನ್ನು ಮತ್ತು ನಾನು ಹಿಡಿಸುವಷ್ಟು ಜಾಗದಲ್ಲಿ ನನ್ನ ಅಂಗಡಿ. ಅಳತೆ ಬರೆದು ಅಭ್ಯಾಸವೇ ಹೊರತು ಕಾಗದ ಬರೆದು ಅಭ್ಯಾಸವಿಲ್ಲ. ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ.

ನನಗೆ ಹೆಣ್ಣು ಮಗು ಹುಟ್ಟಿದೆ. ಅವಸರದ ಹುಡುಗಿ, ಹೇಳಿದ್ದಕ್ಕಿಂತ ಎರಡು ತಿಂಗಳು ಮುಂಚೆಯೇ ಬಂದುಬಿಟ್ಟಳು. ಈಗ ಮನೆಯಲ್ಲಿದ್ದಾಳೆ, ಹಾಲು ಕುಡಿಯುತ್ತಾಳೆ, ಅತ್ತರೆ ಬೀದಿಗೆಲ್ಲ ಕೇಳಿಸುತ್ತದೆ. ಅವಳಿಗೆ ನಾನು ಒಂದು ಹೆಸರು ಆರಿಸಿದ್ದೇನೆ. ನಿಮ್ಮ ಪುಸ್ತಕದ ಆ ಪುಟದ ಜೆರಾಕ್ಸ್ ಇದರ ಜೊತೆಗಿದೆ. ಕೆಂಪು ಪೆನ್ಸಿಲಿನಲ್ಲಿ ಗೆರೆ ಎಳೆದಿರುವುದೇ ಆ ಹೆಸರು. ‘ಹಿಡಿದ ಕೈ ಬಿಡದವಳು. ಹಳೆಯ ಕಾಲದ ದೋಣಿಯವರ ಮಾತಿನಿಂದ ಬಂದದ್ದು’ ಎಂದು ಅದರ ಮುಂದೆ ಬರೆದಿದ್ದೀರಿ.

ತಕರಾರು ನನ್ನ ಮಾವನವರದು. ಅವರು ಲೆಕ್ಕದ ಮೇಷ್ಟ್ರಾಗಿದ್ದು ನಿವೃತ್ತರಾದವರು. ಹೊಳೆ ದಂಡೆಯ ಶಾಲೆಯಲ್ಲಿ ದೋಣಿಯವರ ಮಕ್ಕಳಿಗೇ ಮಗ್ಗಿ ಬಾಯಿಪಾಠ ಮಾಡಿಸಿದವರು. ಹೆಸರು ಕೇಳಿದ ಕೂಡಲೇ ಮೂಗು ಮುರಿದರು. “ಹಾಜರಿ ಕೂಗಿ ಕೂಗಿ ನನ್ನ ಗಂಟಲೇ ಸವೆದುಹೋಗಿದೆ. ಈ ಹೆಸರು ಒಂದಿನಾನೂ ಕೂಗಿಲ್ಲ. ಅಪ್ಪ ಅಮ್ಮ ಇಲ್ಲದ ಹೆಸರು ಇದು” ಎಂದರು. ಅವರಿಗೆ ನಮ್ಮ ಅತ್ತೆಯ ಹೆಸರನ್ನೇ ಇಡಬೇಕೆಂಬ ಆಸೆ. ಆ ಹೆಸರನ್ನೂ ಜೆರಾಕ್ಸಿನ ಹಿಂದೆ ಬರೆದಿದ್ದೇನೆ. ಅತ್ತೆ ಹೋಗಿ ಇನ್ನೂ ಎರಡು ವರ್ಷ ತುಂಬಿಲ್ಲ. ನನ್ನ ಗಂಡ ಲಾರಿ ಓಡಿಸುತ್ತಾರೆ, ಮನೆಗೆ ಬರುವುದೇ ಅಪರೂಪ. ಬಂದಾಗ ಅಪ್ಪ ಹೇಳಿದ್ದಕ್ಕೂ ಹೂಂ, ನಾನು ಹೇಳಿದ್ದಕ್ಕೂ ಹೂಂ. ಬೆಣ್ಣೆಯಂಥ ಮನುಷ್ಯ, ಯಾವ ಕಡೆಗೆ ಒತ್ತಿದರೂ ಆ ಕಡೆಗೆ ಬಗ್ಗುತ್ತಾರೆ.

ಕೊನೆಗೆ ಮಾವನವರು ಒಂದು ಷರತ್ತು ಹಾಕಿದ್ದಾರೆ. ಬಲ್ಲವರಿಂದ ಈ ಹೆಸರು ನಿಜವಾದದ್ದು ಎಂದು ಬರೆಸಿಕೊಂಡು ಬಂದರೆ ಒಪ್ಪುತ್ತಾರಂತೆ. ಇಲ್ಲದಿದ್ದರೆ ಜನನ ಪತ್ರದಲ್ಲಿ ಅತ್ತೆಯ ಹೆಸರೇ.

ಸರ್, ನಾನು ಒಂದೇ ಪುಸ್ತಕ ನಂಬಿ ಕೂತವಳಲ್ಲ. ಮೊದಲು ಈ ಹೆಸರು ನೋಡಿದ್ದು ಬಸ್‌ಸ್ಟ್ಯಾಂಡಿನಲ್ಲಿ ಕೊಂಡ ಒಂದು ಸಣ್ಣ ಪುಸ್ತಕದಲ್ಲಿ. ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಯಬಾರದು ಅನ್ನುತ್ತಾರೆ, ನಾನು ಕುಲಾವಿಯನ್ನೂ ಹೊಲಿದೆ, ಹೆಸರನ್ನೂ ಆರಿಸಿದೆ. ಆ ಪುಸ್ತಕದವರಿಗೆ ಕಾಗದ ಬರೆದರೆ ಉತ್ತರವೇ ಇಲ್ಲ. ಆಮೇಲೆ ಲೈಬ್ರರಿಯಲ್ಲಿ ನಿಮ್ಮ ದಪ್ಪ ಪುಸ್ತಕ ತೆಗೆದು ನೋಡಿದೆ. ಅದೇ ಹೆಸರು, ಅದೇ ಅರ್ಥ, ಅಕ್ಷರ ಅಕ್ಷರವೂ ಒಂದೇ. ಎಲ್ಲೋ ಇರುವ ಇಬ್ಬರು ಒಂದೇ ಮಾತು ಹೇಳಿದರೆ ಅದು ನಿಜವಲ್ಲದೆ ಇನ್ನೇನು? ಆದರೂ ಮಾವ ನಂಬುವುದಿಲ್ಲ. ನೀವು ಎರಡು ಸಾಲು ಬರೆದು ಸೀಲು ಹಾಕಿಕೊಟ್ಟರೆ ನಿಮ್ಮ ಹೊಟ್ಟೆ ತಣ್ಣಗಿರುತ್ತದೆ.

ಇಂತಿ,
ಮೆಟ್ಟಿಲ ಕೆಳಗಿನ ಟೈಲರ್


ಜೂನ್ 9

ಮಾನ್ಯರೇ,

ನಿಮ್ಮ ಪತ್ರ ತಲುಪಿತು. ನಾನು ಸರ್ ಅಲ್ಲ. ಈ ಪ್ರಕಾಶನದಲ್ಲಿ ಹೆಸರುಗಳ ಮೂಲ ಮತ್ತು ಅರ್ಥ ಪರಿಶೀಲಿಸುವ ಕೆಲಸ ನನ್ನದು.

ನೀವು ಹೇಳಿದ ಬಸ್‌ಸ್ಟ್ಯಾಂಡಿನ ಪುಸ್ತಕವನ್ನು ನನಗೆ ಕೂಡಲೇ ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿಕೊಡಿ. ಪೂರ್ತಿ ಪುಸ್ತಕ ಬೇಕು. ರಟ್ಟು, ಮೊದಲ ಪುಟ, ಪ್ರಕಾಶಕರ ವಿಳಾಸವಿರುವ ಪುಟ ಯಾವುದೂ ಹರಿದಿರಬಾರದು. ಯಾವಾಗ, ಯಾವ ಅಂಗಡಿಯಲ್ಲಿ ಕೊಂಡಿರಿ ಎಂಬುದನ್ನೂ ಬರೆಯಿರಿ. ಅಲ್ಲಿಯವರೆಗೆ ಅದನ್ನು ಬೇರೆ ಯಾರಿಗೂ ಕೊಡಬೇಡಿ.

ನಿಮ್ಮ ಪ್ರಶ್ನೆ ಪರಿಶೀಲನೆಯಲ್ಲಿದೆ.

ಹೆಸರು ಪರಿಶೀಲಕಿ


ಜೂನ್ 16

ಅಕ್ಕಾ,

ಸರ್ ಅಂದುಬಿಟ್ಟಿದ್ದೆ, ನಗಬೇಡಿ. ದಪ್ಪ ಪುಸ್ತಕ ಅಂದರೆ ಗಂಡಸೇ ಮಾಡಿರಬೇಕು ಅಂತ ಯಾಕೆ ಅಂದುಕೊಂಡೆನೋ. ನಿಮ್ಮನ್ನು ಅಕ್ಕ ಅಂದರೆ ಬೇಜಾರಿಲ್ಲ ತಾನೇ?

ಪುಸ್ತಕ ಕಳಿಸಿದ್ದೇನೆ. ಹಾಲು ಚೆಲ್ಲಿದ ಒಂದು ಕಲೆ ಬಿಟ್ಟರೆ ಎಲ್ಲ ಪುಟವೂ ನೆಟ್ಟಗಿದೆ. ಕೊಂಡಿದ್ದು ಚಳಿಗಾಲದಲ್ಲಿ, ಬಸ್‌ಸ್ಟ್ಯಾಂಡಿನ ಗಡಿಯಾರದ ಕೆಳಗಿನ ಪೇಪರ್ ಅಂಗಡಿಯಲ್ಲಿ. ನೀವು ಇಷ್ಟು ಆಳಕ್ಕೆ ಇಳಿದು ನೋಡುತ್ತೀರಿ ಅಂತ ನಾನು ಕನಸಿನಲ್ಲೂ ಎಣಿಸಿರಲಿಲ್ಲ. ನನ್ನ ಮಗಳ ಒಂದು ಹೆಸರಿಗಾಗಿ ಪುಸ್ತಕ ತರಿಸಿ ತಾಳೆ ನೋಡುತ್ತಿದ್ದೀರಲ್ಲ, ಯಾರು ಮಾಡುತ್ತಾರೆ ಈ ಕಾಲದಲ್ಲಿ? ಅಂಗಡಿಗೆ ಬಂದವರಿಗೆಲ್ಲ ನಿಮ್ಮ ಕಾಗದ ತೋರಿಸಿದೆ. ಬ್ಲೌಸಿನ ತೋಳು ಬಿಗಿಯಾಯಿತು ಅಂತ ಜಗಳಕ್ಕೆ ಬಂದವರೂ ಕಾಗದ ಓದಿಕೊಂಡು, ತೋಳಿನ ವಿಷಯ ಮರೆತು ಹೋದರು.

ಮಾವನವರೂ ಓದಿದರು. ಅದರ ಮೇಲಿನ ಅಚ್ಚಾದ ವಿಳಾಸವನ್ನು ಬೆರಳಿನಲ್ಲಿ ಸವರಿ ನೋಡಿದರು. “ಬರಲಿ, ಉತ್ತರ ಬರಲಿ” ಎಂದರು. ಅವರ ಬಾಯಿಂದ ಅಷ್ಟು ಬಂದರೆ ಅರ್ಧ ಒಪ್ಪಿದ ಹಾಗೆ. ಕೆಟ್ಟವರಲ್ಲ ಅಕ್ಕಾ, ಹಟ ಜಾಸ್ತಿ. ಅತ್ತೆ ಹೋದ ಮೇಲೆ ಅದೂ ಒಂದು ಆಸರೆ ಅವರಿಗೆ. ದಿನವೂ ಬೆಳಗ್ಗೆ ಎರಡು ಲೋಟ ಚಹಾ ಬಸಿದು, ಒಂದನ್ನು ಮತ್ತೆ ಪಾತ್ರೆಗೆ ಸುರಿಯುತ್ತಾರೆ. ನಾನು ನೋಡಿಯೂ ನೋಡದ ಹಾಗಿರುತ್ತೇನೆ.

ಇದರ ಜೊತೆಗೆ ಒಂದು ಕನ್ನಡಕದ ಚೀಲ ಹೊಲಿದು ಕಳಿಸಿದ್ದೇನೆ. ಅಷ್ಟು ಸಣ್ಣ ಅಕ್ಷರ ನೋಡುವವರು ಕನ್ನಡಕ ಹಾಕದೆ ಇರುತ್ತೀರಾ? ಒಳಗೆ ಮೆತ್ತನೆ ಬಟ್ಟೆ ಕೊಟ್ಟಿದ್ದೇನೆ, ಗಾಜಿಗೆ ಗೀರು ಬೀಳುವುದಿಲ್ಲ.

ನಿಮ್ಮ ಉತ್ತರಕ್ಕೆ ಕಾಯುತ್ತಿರುವ,
ನಿಮ್ಮ ತಂಗಿ


ಜುಲೈ 2

ಪ್ರಿಯ ತಂಗಿ,

ಚೀಲ ತಲುಪಿತು. ಕನ್ನಡಕ ಅಳೆದು ಹೊಲಿದ ಹಾಗೆ ಕೂತಿದೆ. ಇದುವರೆಗೆ ಅದನ್ನು ಸೆರಗಿನಲ್ಲಿ ಒರೆಸಿ ಎಲ್ಲೆಂದರಲ್ಲಿ ಇಟ್ಟು, ಆಮೇಲೆ ಆಫೀಸಿನವರನ್ನೆಲ್ಲ ಹುಡುಕಲು ಹಚ್ಚುತ್ತಿದ್ದೆ. ಇಂಥದ್ದಕ್ಕೆಲ್ಲ ನೀವು ಶ್ರಮಪಡಬೇಕಾಗಿರಲಿಲ್ಲ. ಪುಸ್ತಕವೂ ಬಂತು. ನಮಗೆ ಅದರಿಂದ ಬಹಳ ಉಪಯೋಗವಾಯಿತು.

ಉತ್ತರ ತಡವಾಗಿದ್ದಕ್ಕೆ ನಮ್ಮ ಕೆಲಸದ ರೀತಿಯನ್ನು ಸ್ವಲ್ಪ ಹೇಳಬೇಕು. ನಾನು ಕೂರುವುದು ಅಚ್ಚುಕೂಟದ ಮೇಲಿನ ಕೋಣೆಯಲ್ಲಿ. ಕೆಳಗೆ ಯಂತ್ರ ಓಡುವಾಗ ಮೇಜಿನ ಮೇಲಿನ ಪೆನ್ನು ತಾನಾಗಿಯೇ ಉರುಳುತ್ತದೆ. ಒಂದು ಹೆಸರು ಬಂದರೆ ಅದಕ್ಕೆ ಸಾಕ್ಷಿ ಹುಡುಕುತ್ತೇವೆ. ಹಳೆಯ ಬರಹದಲ್ಲಿ ಎಲ್ಲಾದರೂ ಇದೆಯೇ, ಯಾವುದಾದರೂ ಜನರ ಮಾತಿನಲ್ಲಿ ಬಳಕೆಯಿದೆಯೇ, ಆ ಹೆಸರು ಇಟ್ಟುಕೊಂಡವರು ಯಾರಾದರೂ ಬದುಕಿದ್ದಾರೆಯೇ ಎಂದು. ಕೆಲವು ಹೆಸರು ಒಂದು ಬೆಳಗಿನಲ್ಲಿ ಸಿಗುತ್ತವೆ. ಕೆಲವು ಸಿಗುವುದಿಲ್ಲ.

ನಿಮ್ಮ ಅತ್ತೆಯವರ ಹೆಸರನ್ನೂ ಈ ನೆಪದಲ್ಲಿ ನೋಡಿದೆ. ತುಂಬ ಹಳೆಯದು, ಗಟ್ಟಿಯಾದದ್ದು, ಬೇಕಾದಷ್ಟು ಕಡೆ ಸಾಕ್ಷಿಯಿದೆ. ಅರ್ಥವೂ ಒಳ್ಳೆಯದು. ಮನೆಯ ಹಿರಿಯರ ಮನಸ್ಸಿಗೂ ಸಮಾಧಾನ. ನೀವು ಅದನ್ನು ಇನ್ನೊಮ್ಮೆ ಯೋಚಿಸಿ ನೋಡಬಹುದೇನೋ. ಜನನ ಪತ್ರಕ್ಕೆ ಅವಸರ ಮಾಡಬೇಡಿ.

ಮಗು ಚೆನ್ನಾಗಿ ತೂಕ ಹಾಕುತ್ತಿದೆಯೇ?

ಹೆಸರು ಪರಿಶೀಲಕಿ


ಜುಲೈ 8

ಮೇಡಂ,

ನಿಮ್ಮ ಕಾಗದವನ್ನು ನಾನು ಓದುವ ಮೊದಲೇ ಮಾವನವರು ಓದಿದರು. ಅಂಚೆಯವನು ಅವರ ಕೈಗೇ ಕೊಟ್ಟಿದ್ದ. “ನೋಡಮ್ಮ, ದೊಡ್ಡ ಪುಸ್ತಕದವರೂ ನನ್ನ ಮಾತನ್ನೇ ಹೇಳ್ತಿದ್ದಾರೆ” ಎಂದರು. ಗೆದ್ದ ದನಿಯಲ್ಲೇನೂ ಹೇಳಲಿಲ್ಲ, ಮೆತ್ತಗೇ ಹೇಳಿದರು. ಆದರೂ ನನಗೆ ಮೈಯೆಲ್ಲ ಉರಿಯಿತು. ನಾನು ನಿಮ್ಮನ್ನು ಕೇಳಿದ್ದು ನನ್ನ ಹೆಸರಿನ ವಿಷಯ, ನೀವು ಹೇಳಿದ್ದು ಅವರ ಹೆಸರಿನ ವಿಷಯ. ನಿಮಗೆ ಅವರೇನಾದರೂ ಬೇರೆ ಕಾಗದ ಬರೆದರೇ? ಅಥವಾ ಹಿರಿಯರ ಮಾತು ಕೇಳು ಅಂತ ಬುದ್ಧಿ ಹೇಳುವುದೂ ನಿಮ್ಮ ಕೆಲಸವೇ?

ಯಾಕೆ ಈ ಹೆಸರು ಅಂತ ನೀವು ಒಂದು ಸಲವೂ ಕೇಳಲಿಲ್ಲ. ನಾನೇ ಹೇಳುತ್ತೇನೆ.

ಹುಟ್ಟಿದಾಗ ನನ್ನ ಮಗಳು ಅಂಗೈಯಲ್ಲಿ ಹಿಡಿಸುತ್ತಿದ್ದಳು. ಗಾಜಿನ ಪೆಟ್ಟಿಗೆಯಲ್ಲಿಟ್ಟರು. ಮುಟ್ಟುವ ಹಾಗಿಲ್ಲ, ಎತ್ತಿಕೊಳ್ಳುವ ಹಾಗಿಲ್ಲ. ಡಾಕ್ಟರು ಆಸೆ ಇಟ್ಟುಕೊಳ್ಳಬೇಡಿ ಅಂತಲೂ ಹೇಳಲಿಲ್ಲ, ಇಟ್ಟುಕೊಳ್ಳಿ ಅಂತಲೂ ಹೇಳಲಿಲ್ಲ. ಪಕ್ಕದ ಪೆಟ್ಟಿಗೆಯ ಮಗು ಒಂದು ಮಧ್ಯಾಹ್ನ ಇರಲಿಲ್ಲ. ಆ ತಾಯಿ ತನ್ನ ಬಟ್ಟೆಬರೆ ಮಡಚಿ ಚೀಲಕ್ಕೆ ತುಂಬುತ್ತಿದ್ದಳು. ನಾನು ಅವಳ ಮುಖ ನೋಡಲಾರದೆ ಗಾಜಿಗೆ ಬಾಯಿ ಹಚ್ಚಿ ಈ ಹೆಸರಿನಿಂದ ಕರೆಯಲು ಶುರು ಮಾಡಿದೆ. “ನೀನು ಹಿಡಿದ ಕೈ ಬಿಡದವಳು ಕಣೇ, ಪುಸ್ತಕದಲ್ಲೇ ಬರೆದಿದೆ, ಬಿಡಬೇಡ” ಅಂತ ಹೇಳುತ್ತಿದ್ದೆ. ನರ್ಸಮ್ಮ ಮೊದಲು ನಕ್ಕರು, ಆಮೇಲೆ ಅವರೂ ಅದೇ ಹೆಸರಿನಿಂದ ಕರೆದರು. ಇವಳು ಬಿಡಲಿಲ್ಲ. ಪಟ್ಟು ಹಿಡಿದು ಉಳಿದಳು.

ಇದನ್ನು ಮಾವನವರಿಗೆ ಹೇಳಿಲ್ಲ. ಅತ್ತೆ ತೀರಿಹೋಗಿದ್ದೂ ಅದೇ ಆಸ್ಪತ್ರೆಯಲ್ಲಿ. ಅವರು ಆ ಬಾಗಿಲ ತನಕ ಬಂದು, ಒಳಗೆ ಬರಲಾಗದೆ ಹೊರಗಿನ ಬೆಂಚಿನ ಮೇಲೆ ಕೂತಿರುತ್ತಿದ್ದರು.

ಸುತ್ತಿ ಬಳಸಿ ಬರೆಯಬೇಡಿ. ಹೆಸರು ನಿಜವೋ ಸುಳ್ಳೋ, ಒಂದೇ ಮಾತು ಹೇಳಿ. ನನ್ನ ಪುಸ್ತಕವನ್ನೂ ವಾಪಸ್ ಕಳಿಸಿ.

ಟೈಲರ್


ಜುಲೈ 21

ತಂಗಿ,

ಸುಳ್ಳು.

ಒಂದೇ ಮಾತು ಕೇಳಿದಿರಿ, ಹೇಳಿದೆ. ಇನ್ನು ಮುಂದಿನದನ್ನು ಓದದೆ ಹರಿದುಹಾಕಿದರೂ ನಾನು ತಪ್ಪು ತಿಳಿಯುವುದಿಲ್ಲ.

ನಮ್ಮಂಥ ಪುಸ್ತಕ ಮಾಡಲು ವರ್ಷಗಟ್ಟಲೆ ಹಿಡಿಯುತ್ತದೆ, ಕದಿಯಲು ಒಂದು ವಾರ ಸಾಕು. ನಮ್ಮ ಹಿಂದಿನ ಎರಡು ಪುಸ್ತಕಗಳನ್ನು ಹಾಗೆಯೇ ಎತ್ತಿ, ಬೇರೆ ರಟ್ಟು ಹಾಕಿ, ಕಾಲು ಬೆಲೆಗೆ ಮಾರಿದವರಿದ್ದಾರೆ. ಕೇಳಿದರೆ, ಹೆಸರುಗಳು ಎಲ್ಲರ ಸೊತ್ತು, ನೀವು ಹುಡುಕಿದ ಹಾಗೆ ನಾವೂ ಹುಡುಕಿದೆವು ಅನ್ನುತ್ತಾರೆ. ಹೌದಪ್ಪಾ ಅನ್ನದೆ ಬೇರೆ ದಾರಿಯಿಲ್ಲ. ಅದಕ್ಕೆ ನಮ್ಮ ಕಸುಬಿನಲ್ಲಿ ಒಂದು ಉಪಾಯ ಉಂಟು. ಸಾವಿರಾರು ನಿಜವಾದ ಹೆಸರುಗಳ ನಡುವೆ ಒಂದು ಹುಸಿ ಹೆಸರು ಸೇರಿಸುವುದು. ಪ್ರಪಂಚದಲ್ಲೇ ಇಲ್ಲದ ಹೆಸರು, ಅದಕ್ಕೊಂದು ಇಲ್ಲದ ಮೂಲ, ಇಲ್ಲದ ಅರ್ಥ. ಅದು ಇನ್ನೊಬ್ಬರ ಪುಸ್ತಕದಲ್ಲಿ ಕಂಡರೆ ಕಳ್ಳ ಸಿಕ್ಕ ಹಾಗೆ. ನಾವು ಅದನ್ನು ಬೋನು ಅನ್ನುತ್ತೇವೆ. ಯಾವುದು ಎಂದು ನಮ್ಮ ಯಜಮಾನರಿಗೆ ಮತ್ತು ನನಗೆ ಮಾತ್ರ ಗೊತ್ತಿರುತ್ತದೆ.

ನಿಮ್ಮ ಕೆಂಪು ಗೆರೆಯ ಹೆಸರು ಆ ಬೋನು. ಕಟ್ಟಿದವಳು ನಾನೇ. ಕಿವಿಗೆ ಹಿತವಾಗಿರಲಿ ಎಂದು ನಾಲ್ಕಾರು ಸಲ ಬಾಯಲ್ಲಿ ಹೇಳಿ ನೋಡಿದೆ. ದೋಣಿಯವರ ಮಾತು ಎಂದು ಬರೆದದ್ದು, ಹೋಗಿ ಕೇಳುವ ತೊಂದರೆ ಯಾರೂ ತೆಗೆದುಕೊಳ್ಳುವುದಿಲ್ಲ ಎಂದು. ನಿಮ್ಮ ಮಾವನವರಂಥ ಒಬ್ಬರು ಎಲ್ಲೋ ಹಾಜರಿ ಕೂಗುತ್ತಿದ್ದರು ಎಂದು ನನಗೇನು ಗೊತ್ತು. ಅರ್ಥವನ್ನು ಬರೆದದ್ದು ತಮಾಷೆಗೆ. ಕಳ್ಳನ ಕೈ ಹಿಡಿದರೆ ಬಿಡಬಾರದು, ಹಿಡಿದ ಕೈ ಬಿಡದವಳು. ಯಜಮಾನರು ಓದಿ ಹೊಟ್ಟೆ ಹುಣ್ಣಾಗುವಂತೆ ನಕ್ಕರು. ನಾನೂ ನಕ್ಕೆ.

ನಿಮ್ಮ ಮೊದಲ ಕಾಗದ ಓದಿದ ದಿನ ನಾನು ಮಗುವಿನ ಬಗ್ಗೆ ಯೋಚಿಸಲೇ ಇಲ್ಲ. ಬೋನಿಗೆ ಇಲಿ ಬಿತ್ತು ಅಂತ ಕುಣಿದೆ. ನೀವು ಎರಡು ಸಾಕ್ಷಿ ಎಂದು ನಂಬಿದ್ದು ನಮಗೆ ಕಳ್ಳತನದ ರುಜುವಾತಾಗಿತ್ತು. ಆ ಪುಸ್ತಕ ತರಿಸಿಕೊಂಡದ್ದು ಅದಕ್ಕೆ, ನಿಮ್ಮ ಮಗಳಿಗಾಗಿ ಅಲ್ಲ. ನೀವು ಅಕ್ಕಾ ಎಂದು ಬರೆದು ಚೀಲ ಹೊಲಿದು ಕಳಿಸಿದಾಗ ನನಗೆ ಮುಖ ಎತ್ತಲಾಗಲಿಲ್ಲ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಅನ್ನುತ್ತಾರಲ್ಲ, ಇಲ್ಲಿ ಪ್ರಾಣಸಂಕಟಕ್ಕೆ ಬಿದ್ದದ್ದು ಇಲಿಯೂ ಅಲ್ಲ, ಪಕ್ಕದಲ್ಲಿದ್ದ ಕೂಸು. ನಿಮ್ಮ ಅತ್ತೆಯ ಹೆಸರು ಇಡಿ ಎಂದು ನಾನು ಹೇಳಿದ್ದು ಮಾವನವರ ಪರವಾಗಿ ಅಲ್ಲ. ಈ ಸುಳ್ಳು ನಿಮ್ಮ ಮಗಳ ಜನನ ಪತ್ರಕ್ಕೆ ಏರುವ ಮೊದಲೇ ಸದ್ದಿಲ್ಲದೆ ಇಳಿಸಿಬಿಡಬೇಕು ಎಂದು.

ಇನ್ನೊಂದು ಮಾತೂ ಇದೆ. ವಿಷಯ ಕೋರ್ಟಿಗೆ ಹೋಗುತ್ತಿದೆ. ‘ಈ ಹೆಸರು ನಾನು ಕಟ್ಟಿದ್ದು, ಇಂಥ ಹೆಸರಿನವರು ಪ್ರಪಂಚದಲ್ಲಿ ಯಾರೂ ಇಲ್ಲ’ ಎಂದು ನಾನು ಪ್ರಮಾಣ ಮಾಡಿ ಸಹಿ ಹಾಕಬೇಕು. ಕಾಗದ ಟೈಪಾಗಿ ನನ್ನ ಮೇಜಿನ ಮೇಲೆ ಬಂದಿದೆ. ಪೇಪರಿನಲ್ಲಿ ಸುದ್ದಿ ಬಂದರೂ ಬರಬಹುದು. ನೀವು ಅದನ್ನು ಅಂಗಡಿಯಲ್ಲಿ ಕೂತು ಯಾರದೋ ಕೈಯಿಂದ ತಿಳಿಯಬಾರದು ಎಂದು ನಾನೇ ಬರೆಯುತ್ತಿದ್ದೇನೆ.

ನಿಮ್ಮ ಪುಸ್ತಕ ಯಜಮಾನರ ವಕೀಲರ ಬಳಿ ಇದೆ. ಅದನ್ನೂ ಈಗ ಹಿಂತಿರುಗಿಸಲಾರೆ. ನನ್ನಿಂದ ನಿಮಗೆ ಆದದ್ದೆಲ್ಲ ನಷ್ಟವೇ.

ಪರಿಶೀಲಕಿ


ಜುಲೈ 27

ಮೇಡಂ,

ಇಲಿಬೋನಿಗೆ ಸಿಕ್ಕಿಸಿದ ತಿಂಡಿ ಚೂರನ್ನು ನಾನು ನನ್ನ ಮಗಳ ಬಾಯಿಗಿಟ್ಟೆ. ಅಷ್ಟೇ ತಾನೇ?

ಅವಳು ಸಾಯುವವಳೋ ಬದುಕುವವಳೋ ಗೊತ್ತಿಲ್ಲದಾಗ ನಾನು ಗಾಜಿಗೆ ಬಾಯಿ ಹಚ್ಚಿ ಹೇಳಿದ್ದು ನಿಮ್ಮ ತಮಾಷೆಯನ್ನು. ನೀವು ಯಜಮಾನರ ಜೊತೆ ಕೂತು ನಕ್ಕ ಮಾತನ್ನು.

ಮಾವನವರಿಗೆ ಕಾಗದ ಕೊಟ್ಟೆ. ಅತ್ತೆಯ ಹೆಸರೇ ಇರಲಿ ಎಂದು ಹೇಳಿದೆ. ನೀವು ಎಲ್ಲಿ ಬೇಕೋ ಅಲ್ಲಿ ಸಹಿ ಹಾಕಿಕೊಳ್ಳಿ. ನನಗೆ ಇನ್ನು ಬರೆಯಬೇಡಿ.


ಆಗಸ್ಟ್ 14

ತಂಗಿ,

ಬರೆಯಬೇಡಿ ಎಂದಿರಿ. ಇದೊಂದು ಸಲ ಮಾತು ಮೀರುತ್ತೇನೆ. ಉತ್ತರ ಕೊಡಬೇಕಾಗಿಲ್ಲ.

ಸಹಿ ಹಾಕಿಲ್ಲ. ಯಜಮಾನರು ದಿನಕ್ಕೆರಡು ಸಲ ಮೆಟ್ಟಿಲು ಹತ್ತಿ ಬಂದು ಮೇಜಿನ ಮೇಲೆ ಕಣ್ಣಾಡಿಸಿ ಹೋಗುತ್ತಾರೆ. ಕಳ್ಳರನ್ನು ಬಿಟ್ಟುಬಿಡುವುದೂ ನ್ಯಾಯವಲ್ಲ, ಅವರ ಸಿಟ್ಟಿನಲ್ಲಿ ತಪ್ಪಿಲ್ಲ. ನಾನು ಏನೇನೋ ನೆಪ ಹೇಳಿ ದಿನ ದೂಡುತ್ತಿದ್ದೇನೆ.

ಈ ನಡುವೆ ಒಂದು ಹುಚ್ಚು ಕೆಲಸ ಮಾಡಿದೆ. ಹೊಳೆ, ಕಡಲು, ಹಿನ್ನೀರು ಇರುವ ಕಡೆಯಲ್ಲೆಲ್ಲ ನನಗೆ ಪರಿಚಯದವರಿಗೆ ಕಾಗದ ಹಾಕಿದೆ. ಶಾಲೆಯವರು, ಬಲೆ ನೇಯುವವರು, ದೋಣಿ ಕಟ್ಟುವ ಬಡಗಿಗಳು. ಈ ಹೆಸರಿನ ಅಜ್ಜಿ, ಈ ಹೆಸರಿನ ದೋಣಿ, ಕಡೆಗೆ ಈ ಹೆಸರಿನ ಒಂದು ಹಸುವಾದರೂ ಇದ್ದರೆ ತಿಳಿಸಿ ಎಂದು ಕೇಳಿದೆ. ಇಷ್ಟು ವರ್ಷ ಹುಸಿ ಹೆಸರು ಹುಡುಕಿ ಹುಡುಕಿ ಹೊಡೆದುಹಾಕಿದವಳು ನಾನು. ನಾನೇ ಕಟ್ಟಿದ ಸುಳ್ಳು ಹೇಗಾದರೂ ನಿಜವಾಗಲಿ ಎಂದು ಅಂಚೆಯ ದಾರಿ ಕಾದೆ. ಎಲ್ಲರೂ ಪ್ರೀತಿಯಿಂದ ಉತ್ತರ ಬರೆದರು. ಎಲ್ಲಿಯೂ ಇಲ್ಲ. ನಿಮ್ಮ ಮಾವನವರ ಮಾತೇ ಸರಿ.

ಮಗುವಿಗೆ ಇಟ್ಟ ಹೆಸರು ಅವಳ ಮೇಲೆ ಚೆನ್ನಾಗಿ ಕೂರಲಿ. ಅವಳು ಉಳಿದದ್ದು ನನ್ನ ಪುಸ್ತಕದಿಂದಲ್ಲ, ನೀವು ಬಿಡದೆ ಕರೆದದ್ದರಿಂದ. ಆ ಕರೆದದ್ದರಲ್ಲಿ ನನ್ನ ತಮಾಷೆ ಏನೂ ಇರಲಿಲ್ಲ.

ಪರಿಶೀಲಕಿ


ಸೆಪ್ಟೆಂಬರ್ 5

ಅಕ್ಕಾ,

ನಿಮ್ಮ ಮೇಲಿನ ಸಿಟ್ಟು ಪೂರ್ತಿ ಹೋಗಿಲ್ಲ, ಮುಕ್ಕಾಲು ಪಾಲು ಹೋಗಿದೆ. ಉಳಿದ ಕಾಲು ಪಾಲನ್ನು ಇಟ್ಟುಕೊಂಡೇ ಬರೆಯುತ್ತಿದ್ದೇನೆ. ಹಸುವಾದರೂ ಇದೆಯೇ ಅಂತ ಕೇಳಿದಿರಲ್ಲ, ಆ ಸಾಲಿಗೆ ನನಗೆ ನಗು ಬಂದುಬಿಟ್ಟಿತು. ಸಿಟ್ಟಿನಲ್ಲಿ ನಗು ಬಂದರೆ ಸಿಟ್ಟು ಕೆಟ್ಟುಹೋಗುತ್ತದೆ.

ನಡೆದದ್ದನ್ನು ಹೇಳುತ್ತೇನೆ. ಬೋನಿನ ವಿಷಯ ಬರೆದ ನಿಮ್ಮ ಕಾಗದವನ್ನು ಮಾವನವರು ಎರಡು ಸಲ ಓದಿದರು. ನಾನು ಹೇಳಲಿಲ್ಲವೇ ಅಂತ ಅನ್ನುತ್ತಾರೆ ಅಂದುಕೊಂಡಿದ್ದೆ. ಅನ್ನಲಿಲ್ಲ. ಮಡಚಿ ನನ್ನ ಕೈಗೆ ಕೊಟ್ಟು ಒಳಗೆ ಹೋದರು. ಅವತ್ತಿನಿಂದ ಮಗುವನ್ನು ಅತ್ತೆಯ ಹೆಸರಿನಿಂದ ಕರೆಯಲು ಶುರು ಮಾಡಿದೆ.

ನಾನು ಈ ಮನೆಗೆ ಸೊಸೆಯಾಗಿ ಬಂದವಳು, ಅತ್ತೆಯನ್ನು ಹೆಸರು ಹಿಡಿದು ಕರೆದವಳಲ್ಲ. ನಾಲಿಗೆ ಏಳುತ್ತಿರಲಿಲ್ಲ. ಹಾಗೂ ಹೀಗೂ ಧೈರ್ಯ ಮಾಡಿ, ಸಂಜೆ ಅಂಗಡಿ ಮುಚ್ಚಿ ಬಂದವಳು ಬಾಗಿಲಲ್ಲೇ ನಿಂತು ಜೋರಾಗಿ ಕರೆದೆ. ಮಾವನವರು ಪೇಪರ್ ಓದುತ್ತಿದ್ದರು, ಮಗು ಅವರ ಪಕ್ಕದಲ್ಲಿ ಚಾಪೆಯ ಮೇಲೆ ಮಲಗಿತ್ತು. ಮಗು ತಿರುಗಲಿಲ್ಲ ಅಕ್ಕಾ. ಮಾವ ತಿರುಗಿದರು. ನನ್ನ ಕಡೆ ಅಲ್ಲ, ಅಡುಗೆಮನೆ ಬಾಗಿಲ ಕಡೆ.

ಒಂದೇ ಗಳಿಗೆ. ಮತ್ತೆ ಪೇಪರ್ ಎತ್ತಿ ಹಿಡಿದರು. ಆಮೇಲೆ ಎಷ್ಟೋ ಹೊತ್ತು ಪುಟ ಮಗುಚಲಿಲ್ಲ.

ಮಾರನೆಯ ದಿನವೂ ಹಾಗೇ ಆಯಿತು. ಅದರ ಮಾರನೆಯ ದಿನವೂ. ಆ ಹೆಸರು ಕಿವಿಗೆ ಬಿದ್ದ ಕೂಡಲೇ ಅವರ ತಲೆ ಆ ಬಾಗಿಲ ಕಡೆ ಹೋಗುತ್ತಿತ್ತು, ಅಲ್ಲಿ ಯಾರೂ ಇರುತ್ತಿರಲಿಲ್ಲ. ನಾನು ಮೆತ್ತಗೆ ಕರೆದು ನೋಡಿದೆ, ಅವರು ಮನೆಯಲ್ಲಿಲ್ಲದಾಗ ಕರೆದು ನೋಡಿದೆ. ಕಡೆಗೆ ಹೆಸರೇ ಹೇಳದೆ ಪುಟ್ಟಿ, ಪುಟ್ಟಿ ಅಂತ ಕಾಲ ತಳ್ಳಿದೆ. ನನ್ನ ಗಂಡ ಲಾರಿ ಇಳಿದು ಮನೆಗೆ ಬಂದವರು, ಅಪ್ಪ ಯಾಕೆ ಇಷ್ಟು ಸೊರಗಿದ್ದಾರೆ ಅಂತ ಕೇಳಿದರು. ಎಂದೂ ಏನೂ ಗಮನಿಸದ ಮನುಷ್ಯನಿಗೇ ಕಂಡಿದೆ ಅಂದರೆ ನೋಡಿ.

ನಿನ್ನೆ ಜನನ ಪತ್ರದ ಆಫೀಸಿಗೆ ಹೋದೆವು. ಮಾವನವರು ಇಸ್ತ್ರಿ ಅಂಗಿ ಹಾಕಿಕೊಂಡು, ಮಗುವನ್ನು ತಾವೇ ಎತ್ತಿಕೊಂಡರು. ಸಾಲಿನಲ್ಲಿ ನಿಂತು ನಿಂತು ನಮ್ಮ ಸರದಿ ಬಂತು. ಗುಮಾಸ್ತೆ ತಲೆ ಎತ್ತದೆ ಮಗುವಿನ ಹೆಸರೇನು ಅಂತ ಕೇಳಿದ. ಅತ್ತೆಯ ಹೆಸರು ಹೇಳಲು ನಾನು ಬಾಯಿ ತೆರೆದೆ. ಮಾವನವರು ನನಗಿಂತ ಮುಂಚೆ ಹೇಳಿಬಿಟ್ಟರು. ನೀವು ಕಟ್ಟಿದ ಹೆಸರನ್ನು ಅಕ್ಕಾ. ಹಾಜರಿ ಕೂಗುವವರ ಹಾಗೆ, ಸ್ಪಷ್ಟವಾಗಿ, ಸಾಲಿನಲ್ಲಿದ್ದವರೆಲ್ಲ ತಿರುಗಿ ನೋಡುವ ಹಾಗೆ.

ಗುಮಾಸ್ತೆ ಈಗ ತಲೆ ಎತ್ತಿದ. ಕೇಳೇ ಇಲ್ವಲ್ಲ ಸರ್, ಅರ್ಥ ಏನು ಅಂದ.

“ಅರ್ಥ ಏನೂ ಇಲ್ಲಪ್ಪ. ನನ್ನ ಮೊಮ್ಮಗಳ ಹೆಸರು ಅದು, ಬರ್ಕೋ” ಎಂದರು.

ವಾಪಸ್ ಬರುವಾಗ ಬಸ್ಸಿನಲ್ಲಿ ಅವರೇ ಕಿಟಕಿಯ ಕಡೆ ಮುಖ ಮಾಡಿಕೊಂಡು ಹೇಳಿದರು. “ಅವಳ ಹೆಸರನ್ನ ಮನೇಲಿ ಮತ್ತೆ ಕರೀಬೇಕು ಅಂತ ಆಸೆ ಇತ್ತು ಕಣಮ್ಮ. ಕರೆದ್ರೆ ಅವಳೇ ಬರ್ತಾಳೆ ಅನ್ಸುತ್ತೆ. ಅವಳು ಬರಲ್ಲ, ಈ ಮಗು ಬರುತ್ತೆ. ಈ ಮಗು ಬಂದಾಗೆಲ್ಲ ನನಗೆ ನಿರಾಸೆ ಆಗ್ಬಾರ್ದು.” ಆಮೇಲೆ ಇಬ್ಬರೂ ಅತ್ತೆವು. ಕಂಡಕ್ಟರ್ ಟಿಕೆಟ್ ಕೇಳಲು ಬಂದವನು ಸುಮ್ಮನೆ ಮುಂದೆ ಹೋದ.

ಗಾಜಿನ ಪೆಟ್ಟಿಗೆಯ ವಿಷಯವನ್ನೂ ಅವರಿಗೆ ಹೇಳಿಬಿಟ್ಟೆ. ಅವರಿಗೆ ಮೊದಲೇ ಗೊತ್ತಿತ್ತಂತೆ. ಹೊರಗಿನ ಬೆಂಚಿಗೆ ನನ್ನ ದನಿ ಕೇಳಿಸುತ್ತಿತ್ತಂತೆ. ಈ ಮನುಷ್ಯ ಇಷ್ಟು ದಿನ ಬಾಯಿಗೆ ಬೀಗ ಹಾಕಿಕೊಂಡು ಕೂತಿದ್ದರಲ್ಲ, ಏನು ಹೇಳಲಿ.

ಇನ್ನು ನಿಮ್ಮ ಕೋರ್ಟಿನ ಕಾಗದ. ಸಹಿ ಹಾಕಿ ಅಕ್ಕಾ. ಕದ್ದವರು ಕದ್ದವರೇ, ನನ್ನ ಹತ್ತಿರವೂ ದುಡ್ಡು ಕಿತ್ತುಕೊಂಡಿದ್ದಾರೆ. ಈ ಹೆಸರು ನೀವೇ ಕಟ್ಟಿದ್ದು, ಕಟ್ಟಿದ ದಿನ ಯಾರಿಗೂ ಇರಲಿಲ್ಲ ಅಂತ ಧೈರ್ಯವಾಗಿ ಬರೆಯಿರಿ. ಪೇಪರಿನಲ್ಲಿ ಬಂದರೆ ಬರಲಿ, ಅಂಗಡಿಯಲ್ಲಿ ನಾನೇ ಎಲ್ಲರಿಗೂ ಓದಿ ಹೇಳುತ್ತೇನೆ. ಆದರೆ ಈ ಹೆಸರಿನವರು ಪ್ರಪಂಚದಲ್ಲಿ ಯಾರೂ ಇಲ್ಲ ಅಂತ ಟೈಪು ಮಾಡಿದ್ದಾರಲ್ಲ, ಆ ಸಾಲನ್ನು ಮಾತ್ರ ಹೊಡೆದುಹಾಕಿಸಿ. ಪ್ರಮಾಣ ಮಾಡಿ ಸುಳ್ಳು ಹೇಳಬಾರದು. ಒಬ್ಬಳಿದ್ದಾಳೆ. ಈಗ ತಾನೇ ಎದ್ದು ಬೀದಿಗೆಲ್ಲ ಕೇಳುವ ಹಾಗೆ ಅಳುತ್ತಿದ್ದಾಳೆ. ಮಾವನವರು ಆ ಹೆಸರು ಹಿಡಿದು ಕರೆಯುತ್ತಾ ಎತ್ತಿಕೊಳ್ಳಲು ಹೋದರು.

ನಿಮ್ಮ ತಂಗಿ